ಎರಡು ಸಲ ಬಿದ್ದ ಉಪ್ಪು

ಮಗಳು ಈಗ ಮನೆಯಲ್ಲೇ ಓಟ್ಸ್ ಬಿಸ್ಕತ್ತು ಮಾಡುತ್ತಾಳೆ. ಒಣದ್ರಾಕ್ಷಿ, ಗೋಡಂಬಿ, ಅಳತೆಯ ಚಮಚ, ಒಂದು ಚಿಟಿಕೆ ಉಪ್ಪು. ಹಿಂದೆ ನಿಂತು ನಾನು ‘ಇನ್ನೊಂದಿಷ್ಟು ಉಪ್ಪು ಹಾಕು’ ಎನ್ನುತ್ತೇನೆ. ಅವಳಿಗೆ ಸಿಟ್ಟು ಬರುತ್ತದೆ. ಬರಲಿ, ನನ್ನಿಂದಲೇ ಬಂದ ಸಿಟ್ಟು ಅದು.

ಅವಳು ಹೊಟ್ಟೆಯಲ್ಲಿದ್ದಾಗ ನಾವು ರಾಯಚೂರಿನಲ್ಲಿದ್ದೆವು. ಎಪ್ಪತ್ತರ ದಶಕ ಮುಗಿಯುತ್ತಾ ಬಂದಿತ್ತು. ಗಂಡನಿಗೆ ಮಾನವಿಯಲ್ಲಿ ಕೆಲಸ, ಶನಿವಾರ ಸಂಜೆ ಬಸ್ಸಿಗೆ ಬರುತ್ತಿದ್ದರು. ತವರು ದೇವದುರ್ಗ. ಹಿಂದಿನ ವರ್ಷ ಮೊದಲ ಬಸಿರು ನಾಲ್ಕನೇ ತಿಂಗಳಿಗೇ ಹೋಗಿತ್ತು. ಈ ಸಲ ಐದು ತುಂಬಿದರೂ ವಾಂತಿ ನಿಂತಿರಲಿಲ್ಲ. ರೊಟ್ಟಿ, ಅನ್ನ, ಗಂಜಿ ಏನೂ ಒಳಗೆ ನಿಲ್ಲುತ್ತಿರಲಿಲ್ಲ. ‘ಹೀಗೇ ಆದರೆ ಕೂಸಿಗೆ ಕಷ್ಟ’ ಎಂದು ಡಾಕ್ಟರು ಹೇಳಿದ ಮೇಲೆ ನಾನು ಯಾರೊಂದಿಗೂ ನೆಟ್ಟಗೆ ಮಾತಾಡುತ್ತಿರಲಿಲ್ಲ. ಹೆದರಿಕೆ ಬಂದರೆ ನನಗೆ ಮೊದಲು ಬರುವುದು ಸಿಟ್ಟು.

ಆ ಸಿಟ್ಟನ್ನು ಲೆಕ್ಕಕ್ಕೇ ಇಡದವರು ಪಕ್ಕದ ಮನೆಯ ಖಾಲಾ. ಮನೆಯಲ್ಲಿ ದಖ್ಖನಿ, ನನ್ನೊಂದಿಗೆ ನಮ್ಮದೇ ಕನ್ನಡ. ರಂಜಾನ್ ಹಬ್ಬಕ್ಕೆ ನಾಲ್ಕು ದಿನ ಇರುವಾಗ ಅವರು ಬಿಸ್ಕತ್ತಿನ ಹಿಟ್ಟು ಕಲಸಲು ಕೂತರು. ತುಪ್ಪದಲ್ಲಿ ಹುರಿದ ಜೋಳದ ನುಚ್ಚು, ಗೋಧಿಹಿಟ್ಟು, ಸಕ್ಕರೆ, ಹೆಚ್ಚಿದ ಉತ್ತತ್ತಿ, ದ್ರಾಕ್ಷಿ, ಶೇಂಗಾ. ಮನೆಯಲ್ಲಿ ಕಲಸಿ, ಬೇಕರಿಯ ಭಟ್ಟಿಗೆ ಒಯ್ದು ಸುಡಿಸಿಕೊಂಡು ಬರುವುದು ಆಗಿನ ರೂಢಿ. ಅದಲುಬದಲಾಗದಿರಲೆಂದು ಒಂದೊಂದು ಮನೆಗೆ ಒಂದೊಂದು ಗುರುತು. ಖಾಲಾ ತಮ್ಮ ಟ್ರಂಕಿನ ಕೀಲಿಕೈ ಒತ್ತುತ್ತಿದ್ದರು.

“ನಾ ರೋಜಾ ಅದೀನಿ ಬೇಟಿ, ನಾಲಿಗಿಗಿ ಹಚ್ಚಂಗಿಲ್ಲ. ನೀ ಒಂಚೂರು ರುಚಿ ನೋಡು” ಎಂದರು.

“ವಾಸನಿಗೇ ಹೊಟ್ಟಿ ತೊಳಸ್ತದ ಖಾಲಾ, ಬಾಯಾಗ ಹ್ಯಾಂಗ ಇಡ್ಲಿ?” ಎಂದು ಸೆರಗು ಮೂಗಿಗೆ ಹಿಡಿದೆ.

ಹೀಗೆ ಆ ಹಿಟ್ಟಿನ ರುಚಿ ಯಾರೂ ನೋಡಲಿಲ್ಲ. ಅವರು ನಮಾಜಿಗೆ ಎದ್ದು ಹೋದರು. ಸುಮ್ಮನೆ ಕೂತು ಬೇಸತ್ತಿದ್ದ ನಾನು, ಉಪ್ಪಿನ ಡಬ್ಬಿ ಮುಂದೆಯೇ ಇದ್ದದ್ದು ನೋಡಿ, ಹಾಕುವುದು ಮರೆತಿದ್ದಾರೆ ಎಂದುಕೊಂಡು ದೊಡ್ಡ ಚಮಚ ತುಂಬ ಹಾಕಿ ಕಲಸಿಬಿಟ್ಟೆ. ಬಲು ದೊಡ್ಡ ಸಹಾಯ ಮಾಡಿದೆನೆಂಬ ಜಂಬ ಬೇರೆ.

ಹೊತ್ತು ಮುಳುಗುವ ಮೊದಲು ಭಟ್ಟಿಯಿಂದ ಬಿಸ್ಕತ್ತು ಬಂದವು. ತಾವಿನ್ನೂ ಗುಟುಕು ನೀರೂ ಕುಡಿಯದೆ ಖಾಲಾ ಮೊದಲ ಐದನ್ನು ತಟ್ಟೆಯಲ್ಲಿಟ್ಟು ನನಗೆ ಕೊಟ್ಟು ಹೋದರು. ಬಚ್ಚಲಿನ ಹತ್ತಿರವೇ ಕೂತು, ವಾಂತಿಗೆ ತಯಾರಾಗಿಯೇ ಒಂದು ಕಡಿದೆ. ಸಿಹಿಯ ಜೊತೆಗೆ ಚುರುಕ್ಕೆನ್ನುವ ಉಪ್ಪು. ಕಾದೆ, ಏನೂ ಆಗಲಿಲ್ಲ. ಇನ್ನೊಂದು ತಿಂದೆ, ಮತ್ತೊಂದು ತಿಂದೆ.

ಅಷ್ಟರಲ್ಲಿ ಮಸೀದಿಯಿಂದ ಸಂಜೆಯ ಬಾಂಗ್ ಕೇಳಿತು, ರೋಜಾ ಬಿಡುವ ಹೊತ್ತು. ಸ್ವಲ್ಪ ಹೊತ್ತಿಗೆ ಖಾಲಾ ಬರಿಗಾಲಲ್ಲಿ ಓಡಿ ಬಂದರು.

“ತಿನಬ್ಯಾಡ ಬೇಟಿ! ಉಪ್ಪು ಹೆಚ್ಚಾಗ್ಯಾದ! ಎಲ್ಲಿ ಅವು?”

“ಹೊಟ್ಟ್ಯಾಗ ಅದಾವ” ಎಂದೆ. “ಐದೂ ಅದಾವ ಖಾಲಾ. ಒಂದೂ ಹೊರಗ ಬಂದಿಲ್ಲ.”

ಖಾಲಿ ತಟ್ಟೆ ನೋಡಿದರು, ನನ್ನ ಮುಖ ನೋಡಿದರು. ಅಲ್ಲೇ ನೆಲಕ್ಕೆ ಕೂತು ಅತ್ತುಬಿಟ್ಟರು. ನಾನೂ ಅತ್ತೆ. “ಉಪ್ಪು ನಾನೂ ಹಾಕಿದ್ದೆ” ಎಂದು ಒಪ್ಪಿಕೊಂಡಾಗ, ಕಣ್ಣೊರೆಸಿಕೊಳ್ಳುತ್ತಲೇ ನನ್ನ ತಲೆಗೊಂದು ಮೊಟಕಿದರು.

ಹೆರಿಗೆಯಾಗುವವರೆಗೂ ವಾರಕ್ಕೊಮ್ಮೆ ಬಿಸ್ಕತ್ತು ಬರುತ್ತಿತ್ತು, ಬೇಕೆಂದೇ ಉಪ್ಪು ಹೆಚ್ಚಾಗಿ. ಅದರ ಬೆನ್ನಿಗೆ ಗಂಜಿ ನಿಂತಿತು, ರೊಟ್ಟಿ ನಿಂತಿತು, ಕೂಸು ನಿಂತಿತು.

ಆದರೆ ಅಂದು ಕಲಸಿದ್ದು ಅವರ ಮನೆಯ ಇಡೀ ಹಬ್ಬದ ಹಿಟ್ಟು. ಹಬ್ಬದ ದಿನ ಬಂದ ನೆಂಟರೆಲ್ಲ ಒಂದು ತುಂಡು ಕಡಿದು ಮುಖ ಮುಖ ನೋಡಿಕೊಂಡರು. ನಾನು ಅಲ್ಲೇ ಮೂಲೆಯಲ್ಲಿ ತಲೆ ತಗ್ಗಿಸಿ ಕೂತಿದ್ದೆ.

ಖಾಲಾ ತಟ್ಟೆಯನ್ನು ಮತ್ತೊಂದು ಸುತ್ತು ಕೊಡುತ್ತಾ ಹೇಳಿದರು: “ನಮ್ಮನಿಯಾಗ ಈ ವರ್ಷ ಹಿಂಗs ಮಾಡೀವಿ. ತಿನ್ರಿ.”