ತೊಗಾ ಬೆಟ್ಟದ ಕುದುರೆಮೊಗದ ಹೂ

ಫುಸಾ ಹುಟ್ಟಿ ಬೆಳೆದದ್ದು ಕಡಲ ದಡದ ಮೀನುಪೇಟೆಯಲ್ಲಿ. ಗೆಂಜಿರೋನನ್ನು ಮದುವೆಯಾಗಿ ತೊಗಾ ಬೆಟ್ಟದ ನೆತ್ತಿಯಲ್ಲಿದ್ದ ಅವನ ವಸತಿಮನೆಗೆ ಬಂದಾಗ ಅವಳಿಗೆ ಹೂವು ಯಾವುದು, ಹುಲ್ಲು ಯಾವುದು ಎಂದೂ ತಿಳಿಯುತ್ತಿರಲಿಲ್ಲ. ಬೆಟ್ಟ ಹತ್ತಿ ಬಂದವರಿಗೆ ಅನ್ನ, ಮಿಸೊ ಸಾರು ಮಾಡಿ ಹಾಕುವುದು, ಹಾಸಿಗೆ ಬಿಸಿಲಿಗೆ ಹರವುವುದು, ಹಿಮ ಬೀಳುವ ಮುಂಚೆ ವಸತಿಮನೆಗೆ ಬೀಗ ಹಾಕಿ ಕೆಳಗಿಳಿಯುವುದು, ಇದೇ ಬದುಕಾಯಿತು.

ಮರುವರ್ಷ ಗೆಂಜಿರೋ ಉತ್ತರದ ಯಾವುದೋ ಬೆಟ್ಟದಿಂದ ಕರವಸ್ತ್ರದಲ್ಲಿ ಬೀಜ ಕಟ್ಟಿಕೊಂಡು ಬಂದು ಮನೆಯ ಹಿಂದಿನ ಜಲ್ಲಿಕಲ್ಲಿನ ಇಳಿಜಾರಿನಲ್ಲಿ ಎರಚಿದ. ಕೆಲವು ಬೇಸಿಗೆ ಕಳೆದ ಮೇಲೆ ಅಲ್ಲಿ ಗುಲಾಬಿ ಬಣ್ಣದ ಹೂ ಬಿಟ್ಟಿತು. ಮೊಗ್ಗು ಥೇಟ್ ಕುದುರೆಮರಿಯ ಮುಖ. ಫುಸಾ ಮರುಳಾಗಿಹೋದಳು. ಸುತ್ತ ಹಗ್ಗ ಕಟ್ಟಿದಳು. ಯಾರಾದರೂ ಬಗ್ಗಿದರೆ ಅಡುಗೆಮನೆ ಕಿಟಕಿಯಿಂದಲೇ, "ಏ ಪುಣ್ಯಾತ್ಮ, ಕೈ ತೆಗಿ! ನಿಮ್ಮಪ್ಪನ ತೋಟಾನಾ ಅದು?" ಎಂದು ಕೂಗುತ್ತಿದ್ದಳು. ಬೆಟ್ಟವನ್ನು ಕಾಯ್ದಿಟ್ಟ ಪ್ರದೇಶವೆಂದು ಸಾರಿದಾಗ ಅರಣ್ಯ ಕಚೇರಿಯವರು ಅಪರೂಪದ ಹೂ ಕಾದಳೆಂದು ಅವಳನ್ನು ಹೊಗಳಿ, 'ಸಸ್ಯ ರಕ್ಷಕರು' ಎಂದು ಬರೆದ ತೋಳುಪಟ್ಟಿ ಕೊಟ್ಟರು.

ಫುಸಾಳ ಕೂದಲು ಹಣ್ಣಾದ ಮೇಲೆ ಒಂದು ಬೇಸಿಗೆ ಅದೇ ಕಚೇರಿಯಿಂದ ನಾಗಾಯಿ ಎಂಬ ಹುಡುಗಿ ಬಂದಳು.

"ಅಮ್ಮಾ, ಈ ಹೂ ಈ ಬೆಟ್ಟದ್ದಲ್ಲ. ಕೀಳ್ಬೇಕು."

"ಇದನ್ನಾ? ಅಪರೂಪದ್ದು, ಮುಟ್ಬೇಡಿ ಅಂದೋರು ನೀವೇ ಅಲ್ವಾ?"

"ಉತ್ತರದಲ್ಲಿ ಅಪರೂಪ. ಇಲ್ಲಿ ಕಳೆ. ಇಲ್ಲಿನ ಹಳದಿ ಹೂವಿಗೆ ಜಾಗಾನೇ ಇಲ್ದಂಗಾಗಿದೆ."

"ಯಾವ ಹಳದಿ ಹೂವು ತಾಯಿ? ನಾನು ಕಂಡೇ ಇಲ್ಲ!"

ನಾಗಾಯಿ ಎಲೆ ಸರಿಸಿ ತೋರಿಸಿದಳು. ಉಗುರಿನಷ್ಟು ಹೂ. ಫುಸಾಳ ಚಪ್ಪಲಿಯ ಪಕ್ಕದಲ್ಲೇ ಇತ್ತು. ಅವಳು ಗಾಬರಿಯಾಗಿ ಕಾಲೆತ್ತಿದಳು. ಎಲ್ಲಿ ಇಡಬೇಕೆಂದು ತಿಳಿಯದೆ ಹಾಗೇ ನಿಂತಳು.

ಒಳಗೆ ಗೆಂಜಿರೋ ಸೋಬಾ ಶ್ಯಾವಿಗೆಗೆ ಹಿಟ್ಟು ನಾದುತ್ತಿದ್ದ. "ಕೀಳ್ಲಿ ಬಿಡೆ," ಎಂದ.

"ರೀ, ತಂದೋರೇ ನೀವು!"

"ಚೆನ್ನಾಗಿತ್ತು ಅಂತ ತಂದಿದ್ದೆ. ಈಗ ಬೇಡ ಅಂತಾರೆ."

ನೋವು ನುಂಗಿಕೊಂಡು ಹೇಳಿದನೋ, ನಿಜಕ್ಕೂ ಏನೂ ಅನ್ನಿಸಲಿಲ್ಲವೋ? ಇಷ್ಟು ವರ್ಷ ಬಾಳಿದ ಗಂಡನ ಮುಖ ಅವಳಿಗೆ ಅರ್ಥವಾಗಲಿಲ್ಲ.

ಕೀಳುವ ದಿನ ಫುಸಾ ತೋಳುಪಟ್ಟಿ ಕಟ್ಟಿಕೊಂಡೇ ಹೋದಳು. ಬೇರೆಯವರು ಎಳೆದಾಡುವುದು ಬೇಡ, ತನ್ನ ಕೈಯಲ್ಲೇ ಆಗಲಿ ಅನ್ನಿಸಿತ್ತು. ಬೆಟ್ಟ ಹತ್ತಿ ಬಂದ ಒಬ್ಬ ಗಂಡಸು ಚೀಲ ಇಳಿಸಿ ಕಿರುಚಿದ: "ಅಜ್ಜೀ! ಎಂಥಾ ಹೂ ಕೀಳ್ತಿದೀರಿ ಗೊತ್ತಾ? ದೂರು ಕೊಡ್ತೀನಿ!"

"ಕೊಡಪ್ಪ... ಅಲ್ಲಲ್ಲ, ಕೊಡ್ಬೇಡ. ಅಪರೂಪದ್ದೇ. ಆದ್ರೆ ಇಲ್ಲಿ ಅಲ್ಲ."

"ತೋಳ ಮೇಲೆ ರಕ್ಷಕರು, ಕೈಯಲ್ಲಿ ಬೇರು! ನಾಚಿಕೆ ಆಗಲ್ವಾ?"

ನಾಗಾಯಿ ಓಡಿಬಂದು ಬಿಡಿಸಿ ಹೇಳಿದಳು. ಅವನು ನಂಬದೆ, ತಲೆ ಕೊಡವುತ್ತಾ ಹೋದ. ಫುಸಾಗೆ ಅವನ ಮೇಲೆ ಸಿಟ್ಟು ಬರಲಿಲ್ಲ. ಅವನ ಜಾಗದಲ್ಲಿ ತಾನಿದ್ದರೆ ಸೌಟು ಹಿಡಿದೇ ಬರುತ್ತಿದ್ದಳು.

ಮುಂದಿನ ಬೇಸಿಗೆ ಕಲ್ಲಿನ ಸಂದಿನಲ್ಲಿ ಮತ್ತೆ ಮೂರು ಚಿಗುರು. ಫುಸಾ ಫೋನ್ ಮಾಡಿದಳು. "ನೀವೇ ಕಿತ್ಬಿಡಿ ಅಮ್ಮಾ," ಎಂದಳು ನಾಗಾಯಿ. ಎರಡು ಸಲೀಸಾಗಿ ಬಂದವು. ಮೂರನೆಯದು ಅರ್ಧಕ್ಕೇ ತುಂಡಾಗಿ, ಬೇರು ಕಲ್ಲಿನಡಿಯಲ್ಲೇ ಉಳಿಯಿತು. ಬೇಸರ ಪಡಬೇಕೋ, ಸಮಾಧಾನ ಪಡಬೇಕೋ ತಿಳಿಯದೆ ಸ್ವಲ್ಪ ಹೊತ್ತು ಕುಕ್ಕರಗಾಲಲ್ಲಿ ಕೂತಿದ್ದು, ಎದ್ದು ಅಕ್ಕಿ ತೊಳೆಯಲು ಹೋದಳು.