ಹುಣಸೆ ಹಾಕಿ ತೊಳೆದ ಹವಳ

ಹೋದ ತಿಂಗಳು ಸೀವುಡ್ಸ್‌ನ ನಮ್ಮ ಅಡುಗೆಮನೆಗೆ ಹೊಸ ಕಟ್ಟೆ ಹಾಕಿಸಿದೆವು. ಮಾರ್ಬಲ್ ಕೂರಿಸಿದ ಮಿಸ್ತ್ರಿ ಕೊನೆಯ ಸಲ ಒದ್ದೆ ಬಟ್ಟೆಯಿಂದ ಕಲ್ಲು ಒರೆಸುತ್ತಿದ್ದವನು, ಸಾರಿಗೆಂದು ನಾನು ನೆನೆಹಾಕಿದ್ದ ಹುಣಸೆಯ ಬಟ್ಟಲನ್ನು ಎರಡೇ ಬೆರಳಲ್ಲಿ ಎತ್ತಿ ಸಿಂಕಿನೊಳಗೆ ಇಟ್ಟುಬಿಟ್ಟ. "ಮೇಡಂ, ಇಮ್ಲೀ ಇಧರ್ ಮತ್ ರಖನಾ. ಪಾಲಿಶ್ ಖಾ ಜಾಯೇಗಾ." ಹುಣಸೆ ಇಲ್ಲಿಡಬಾರದು, ಹೊಳಪನ್ನು ತಿಂದುಹಾಕುತ್ತದಂತೆ. ಒದ್ದೆಯಾದ ಕಲ್ಲಿನ ಪುಡಿಯ ವಾಸನೆ, ಅದರ ಜೊತೆಗೆ ಹುಳಿಯ ವಾಸನೆ... "ಗೊತ್ತು" ಎಂದೆ.

ಅದು ಗೊತ್ತಾದದ್ದು ನಾವು ಡೊಂಬಿವಲಿಯಲ್ಲಿ ಬಾಡಿಗೆಗೆ ಇದ್ದ ವರ್ಷಗಳಲ್ಲಿ. ಎದುರು ಬಾಗಿಲಿನವರನ್ನು ಬಿಲ್ಡಿಂಗಿನ ಕನ್ನಡದವರೆಲ್ಲ ಮಾಷ್ಟ್ರು ಎನ್ನುತ್ತಿದ್ದರು. ಉಡುಪಿ ಕಡೆಯವರು. ಕಲ್ಯಾಣದ ಕನ್ನಡ ಶಾಲೆಯೊಂದರಲ್ಲಿ ಭೂಗೋಳ ಕಲಿಸಿ ನಿವೃತ್ತರಾಗಿದ್ದರು. ಅವರ ಎತ್ತರ, ಅಂಗಿಯ ಬಣ್ಣ, ನಡಿಗೆ, ಇವೆಲ್ಲ ಈಗ ನನಗೆ ಖಚಿತವಿಲ್ಲ. ಡೈರಿಯಲ್ಲೂ ಬರೆದಿಲ್ಲ. ಕಲ್ಲು ಮಾತ್ರ ಖಚಿತವಾಗಿದೆ.

ಎರಡು ಅಂಗೈ ಸೇರಿಸಿದಷ್ಟು ಅಗಲದ ಬೂದು ಬಣ್ಣದ ಕಲ್ಲು. ಒಂದು ಮುಖ ಕನ್ನಡಿಯಂತೆ ಹೊಳೆಯುತ್ತಿತ್ತು, ಉಳಿದದ್ದು ಒರಟು. ಅವರ ಹಳೆಯ ವಿದ್ಯಾರ್ಥಿಯೊಬ್ಬ ಕಲ್ಯಾಣದಲ್ಲಿ ಮಾರ್ಬಲ್ ವ್ಯಾಪಾರ ಮಾಡುತ್ತಿದ್ದ. ಹೊರದೇಶದಿಂದ ಬಂದ ಹಲಗೆಯನ್ನು ಕತ್ತರಿಸಿ ಉಳಿದ ತುಂಡನ್ನು ಮಾಷ್ಟ್ರು ಅವನ ಅಂಗಳದ ರಾಶಿಯಿಂದ ಹೆಕ್ಕಿ ತಂದಿದ್ದರು. ದಿನಾ ಬೆಳಿಗ್ಗೆ ಬಾಲ್ಕನಿಯ ಗ್ರಿಲ್ಲಿನ ಪಕ್ಕ ಕೂತು ಅದರ ಮೇಲೆ ಭೂತಗನ್ನಡಿ ಹಿಡಿಯುವುದು ಅವರ ಕೆಲಸ. ಅದನ್ನು ನನಗೆ ಮೊದಲು ತೋರಿಸಿದ ದಿನ, ಜೇನುಗೂಡಿನ ಚಿತ್ರವೇನೋ ಅಂದುಕೊಂಡೆ.

"ಜೇನಲ್ಲ ಮಾರಾಯ್ತಿ, ಹವಳ" ಎಂದರು. "ಒಂದೊಂದು ಕೋಣೆಯಲ್ಲಿ ಒಂದೊಂದು ಪ್ರಾಣಿ ಇತ್ತು. ಜೀವ ಉಂಟಲ್ಲ, ಹೂವಿನ ಹಾಗೆ ಬಾಯಿ ತೆರೆಯುವಂಥದ್ದು. ಹತ್ತಿರ ಹತ್ತಿರ ನಲವತ್ತು ಕೋಟಿ ವರ್ಷ ಆಯ್ತು."

ನಾನು ಏನೋ ಪೆದ್ದು ಪ್ರಶ್ನೆ ಕೇಳಿರಬೇಕು. ಅವರು ಕಲ್ಲನ್ನು ಓರೆಯಾಗಿ ಹಿಡಿದು ಕತ್ತರಿಸಿದ ಅಂಚು ತೋರಿಸಿದರು. ಅಲ್ಲಿ ಆ ಕೋಣೆಗಳು ಉದ್ದನೆಯ ಕೊಳವೆಗಳಾಗಿ ಕಾಣುತ್ತಿದ್ದವು. ಕೊಳವೆಯೊಳಗೆ ಏಣಿಯ ಮೆಟ್ಟಿಲುಗಳಂತೆ ಅಡ್ಡ ಗೆರೆಗಳು. ಆ ಪ್ರಾಣಿ ತನ್ನ ಕೆಳಗೆ ಒಂದು ನೆಲ ಹಾಸಿಕೊಂಡು ಮೇಲಕ್ಕೆ ಏರುತ್ತಿತ್ತಂತೆ, ಆಮೇಲೆ ಅದರ ಮೇಲೆ ಇನ್ನೊಂದು ನೆಲ. ಹಳೆಯ ಮಾಳಿಗೆಗಳೆಲ್ಲ ಖಾಲಿ. ಎಲ್ಲರೂ ಸದಾ ಕೊನೆಯ ಅಂತಸ್ತಿನಲ್ಲೇ. ಪಕ್ಕದ ಕೋಣೆಗೂ ಈ ಕೋಣೆಗೂ ನಡುವೆ ಗೋಡೆಯಲ್ಲಿ ಸೂಜಿಮೊನೆಯಷ್ಟು ಕಿಂಡಿಗಳು.

"ಹೌಸಿಂಗ್ ಸೊಸೈಟಿಯೇ ಇದು" ಎಂದು ಮಾಷ್ಟ್ರು ನಕ್ಕರು.

"ಆದ್ರೆ ಅಲ್ಲಿ ನೀರಿನ ಟ್ಯಾಂಕರಿಗೆ ಜಗಳ ಇರ್ಲಿಲ್ಲ" ಎಂದು ಒಳಗಿನಿಂದ ಅವರ ಹೆಂಡತಿಯ ಮಾತು ಬಂತು. "ಸಮುದ್ರದೊಳಗೇ ಇದ್ದವಲ್ಲ!"

ಈಗಿನ ಹವಳಗಳು ಇವುಗಳ ಮಕ್ಕಳಲ್ಲ ಎಂದೂ ಅವರು ಹೇಳಿದರು. ಡೈನೋಸಾರ್‌ಗಳು ಹುಟ್ಟುವ ಮೊದಲೇ ಈ ಕುಲ ಪೂರ್ತಿ ಅಳಿದಿತ್ತು. ನಮ್ಮ ಸುತ್ತಲಿನ ಗುಡ್ಡಗಳೆಲ್ಲ ಲಾವಾ ಆರಿ ಆದವು, ಅವುಗಳನ್ನು ಎಷ್ಟು ಅಗೆದರೂ ಇಂಥದ್ದು ಸಿಗುವುದಿಲ್ಲವಂತೆ. ಆವತ್ತು ಲೋಕಲ್‌ನಲ್ಲಿ ನಿಂತುಕೊಂಡು ಹೋಗುವಾಗ ಹಳಿಯ ಪಕ್ಕದ ಕಟ್ಟಡಗಳನ್ನು ನೋಡಿದೆ. ಕಿಟಕಿ, ಕಿಟಕಿ, ಕಿಟಕಿ... ಠಾಣೆ ಬರುವವರೆಗೂ ಅವನ್ನೇ ನೋಡುತ್ತಾ ನಿಂತೆ. ಇದನ್ನು ಮಾತ್ರ ಡೈರಿಯಲ್ಲಿ ಬರೆದುಕೊಂಡಿದ್ದೇನೆ, ಆದ್ದರಿಂದ ನಂಬಬಹುದು.

ಮಾಷ್ಟ್ರ ಕಣ್ಣಿನ ನರ ಒಣಗುತ್ತಿತ್ತು. ಹೋದ ದೃಷ್ಟಿ ಮರಳುವುದಿಲ್ಲ, ಉಳಿದದ್ದೂ ಹೆಚ್ಚು ದಿನ ಇರುವುದಿಲ್ಲ ಎಂದು ಡಾಕ್ಟರು ಹೇಳಿದ್ದರು. ಅವರು ಅದನ್ನು ಪರೀಕ್ಷೆಯ ವೇಳಾಪಟ್ಟಿಯ ಹಾಗೆ ಹೇಳುತ್ತಿದ್ದರು. "ಇನ್ನು ಮೂರು ನಾಲ್ಕು ತಿಂಗಳು ನೋಡ್ಲಿಕ್ಕೆ ಆಗ್ಬಹುದು. ಅಷ್ಟರೊಳಗೆ ಇದನ್ನೊಂದು ಪೂರ್ತಿ ನೋಡಿ ಮುಗಿಸ್ಬೇಕು."

ಆ ವರ್ಷ ನವರಾತ್ರಿಯ ಹೊತ್ತಿಗೆ ಅವರ ಮನೆಗೆ ಬಣ್ಣ ಬಳಿಸುವುದಿತ್ತು. ಗಂಡ ಹೆಂಡತಿ ಇಬ್ಬರೂ ಎರಡು ವಾರಕ್ಕೆ ಊರಿಗೆ ಹೊರಟರು. ಮಜೂರರು ಒಡೆದ ಕಲ್ಲುಚೂರಿನ ಡೆಬ್ರಿಸ್ ಎಂದು ಗೋಣಿಗೆ ತುಂಬಿಬಿಟ್ಟಾರು ಎಂಬ ಹೆದರಿಕೆಯಿಂದ ಮಾಷ್ಟ್ರು ಕಲ್ಲನ್ನು ಹಳೆಯ ಪಂಚೆಯಲ್ಲಿ ಸುತ್ತಿ ನನ್ನ ಕೈಗೆ ಕೊಟ್ಟರು. "ಬೇರೆ ಯಾರಿಗೂ ಕೊಡುದಿಲ್ಲ ನಾನು" ಎಂದರು. ಹಾಗೆ ಎಂದರೋ, ನಾನೇ ಆಮೇಲೆ ಸೇರಿಸಿಕೊಂಡೆನೋ.

ನಾನು ಮೈಸೂರಿನವಳು, ಆಯುಧಪೂಜೆ ಬಿಡುವ ಮಾತಿಲ್ಲ. ದೇವರ ಮುಂದೆ ಲ್ಯಾಪ್‌ಟಾಪ್, ಕತ್ತರಿ, ಸ್ಕ್ರೂಡ್ರೈವರ್, ಡೈರಿ, ಪೆನ್ನು ಇಟ್ಟೆ. ಅವುಗಳ ನಡುವೆ ಮಾಷ್ಟ್ರ ಕಲ್ಲನ್ನೂ ಇಟ್ಟೆ. ನಲವತ್ತು ಕೋಟಿ ವರ್ಷದ ವಸ್ತು ಮನೆಗೆ ಬಂದಿರುವಾಗ ಅದಕ್ಕೊಂದು ಹೂವೂ ಇಡದೆ ಇರುವುದು ಹೇಗೆ? ಅರಿಶಿನ, ಕುಂಕುಮ ಹಚ್ಚಿದೆ. ದೀಪದ ಎಣ್ಣೆಯೂ ಸಿಡಿಯಿತು. ಹಬ್ಬದ ರಜೆ ಮುಗಿದ ಬೆಳಿಗ್ಗೆ ಒರೆಸಿದರೆ ಹಳದಿ ಕಲೆ ಹೋಗಲಿಲ್ಲ. ಹಿತ್ತಾಳೆ ದೀಪಗಳಿಗೆಂದು ಹುಣಸೆ ಕಿವುಚಿ ಇಟ್ಟಿದ್ದೆ. ಕೈ ತಾನಾಗಿ ಹೋಯಿತು. ದೀಪಗಳಿಗೆ ಬಳಿದು ಮಿಕ್ಕದ್ದನ್ನು ಕಲ್ಲಿನ ಮೇಲೆ ದಪ್ಪಗೆ ಮೆತ್ತಿ, ಸಂಜೆ ತೊಳೆದರಾಯಿತು ಎಂದು ಗಾಡಿ ಹಿಡಿಯಲು ಓಡಿದೆ.

ಸಂಜೆ ತೊಳೆದಾಗ ದೀಪಗಳು ಬಂಗಾರದಂತೆ ಹೊಳೆದವು. ಕಲ್ಲು ಕುರುಡಾಗಿತ್ತು. ಬೇರೆ ಪದ ಸಿಗುತ್ತಿಲ್ಲ. ಹೊಳಪಿನ ಒಳಗೆ ಅಷ್ಟು ಆಳದಲ್ಲಿ ಕಾಣುತ್ತಿದ್ದ ಕೋಣೆಗಳ ಮೇಲೆ ಬೂದಿ ಸವರಿದಂತೆ ಬಿಳಿಚಿಕೊಂಡಿತ್ತು. ಎಣ್ಣೆ ಹಚ್ಚಿದೆ, ಬಟ್ಟೆಯಿಂದ ತಿಕ್ಕಿದೆ. ಕಣ್ಣು ಚೆನ್ನಾಗಿರುವ ನನಗೇ ಕಷ್ಟಪಟ್ಟು ಕಾಣುವಂತಿರುವಾಗ ಮಾಷ್ಟ್ರಿಗೆ...

ಅವರು ಮರಳಿದ ದಿನ ಬಾಗಿಲಲ್ಲೇ ನಿಂತು ಎಲ್ಲ ಹೇಳಿಬಿಟ್ಟೆ. "ಸರ್, ಹಾಳು ಮಾಡ್ಬಿಟ್ಟೆ. ಹುಣಸೆಹಣ್ಣು ಹಾಕಿ ತೊಳೆದ್ಬಿಟ್ಟೆ." ಅವರು ಕಲ್ಲನ್ನು ಬಾಲ್ಕನಿಗೆ ಒಯ್ದು ಮುಖದ ಹತ್ತಿರ ಹಿಡಿದರು. ಆ ಕಡೆ, ಈ ಕಡೆ ತಿರುಗಿಸಿದರು. ಭೂತಗನ್ನಡಿ ಕೆಳಗಿಟ್ಟರು. ಕಾಣುತ್ತಿಲ್ಲ ಎಂದು ನನಗೆ ತಿಳಿಯಿತು. ಆಮೇಲೆ ತೋರುಬೆರಳನ್ನು ಕಲ್ಲಿನ ಮೇಲೆ ನಿಧಾನವಾಗಿ ಎಳೆದರು. ನಿಲ್ಲಿಸಿದರು. ಪುನಃ ಎಳೆದರು.

"ಅರೆ! ಗೋಡೆ ಎದ್ದು ನಿಂತಿದೆಯಲ್ಲ!"

ಆ ಹವಳದ ಗೋಡೆಗಳು ಎಂದೋ ಬೆಣಚುಕಲ್ಲಾಗಿದ್ದವು, ಕೋಣೆಗಳೊಳಗೆ ತುಂಬಿದ್ದು ಸುಣ್ಣದ ಕಲ್ಲು ಎಂದು ವಿವರಿಸಿದರು. ಹುಳಿ ಸುಣ್ಣವನ್ನು ತಿನ್ನುತ್ತದೆ, ಬೆಣಚನ್ನು ಮುಟ್ಟುವುದಿಲ್ಲ. ಪಳೆಯುಳಿಕೆ ಓದುವವರು ಬೇಕೆಂದೇ ತೆಳು ಆಮ್ಲದಲ್ಲಿ ಹೀಗೆ ನೆನೆಸಿಡುತ್ತಾರಂತೆ. "ಕಣ್ಣು ಇನ್ನೆಷ್ಟು ದಿನ! ಇದು ಕೈಗೆ ಸಿಗ್ತದೆ, ನೋಡು."

"ಹಾಗಾದ್ರೆ ಸ್ವಲ್ಪ ಬೆಲ್ಲ, ಮೆಣಸೂ ಹಾಕ್ಬಹುದಿತ್ತು" ಎಂದರು ಅವರ ಹೆಂಡತಿ. "ಸಾರಾದ್ರೂ ಆಗ್ತಿತ್ತು." ಮೂವರೂ ನಕ್ಕೆವು. ನನ್ನ ಕಣ್ಣಲ್ಲಿ ನೀರಿತ್ತು.

ಆದರೆ ಆವತ್ತಿನ ಡೈರಿಯಲ್ಲಿ ಇರುವುದು ಇಷ್ಟೇ: "ಮಾಷ್ಟ್ರು ಬಂದರು. ಕಲ್ಲು ಕೊಟ್ಟೆ. ಬೈಯಲಿಲ್ಲ." ಮೊದಮೊದಲು ಹಗುರಾಗಿದ್ದ ಮನಸ್ಸಿಗೆ ಆಮೇಲೆ ಈ ಕೊನೆಯ ಪದ ಚುಚ್ಚತೊಡಗಿತು. ನಾಚಿಕೆಯಿಂದ ಕುಗ್ಗಿ ನಿಂತಿದ್ದ ಹುಡುಗಿಯೊಬ್ಬಳನ್ನು ಸಮಾಧಾನ ಮಾಡಲು ಆ ಹಿರಿಯರು ಅಲ್ಲೇ ಒಂದು ಪಾಠ ಕಟ್ಟಿದರೇ? ನಾನೂ ಆಗ ಬೆರಳಾಡಿಸಿದ್ದೆ. ಸ್ವಲ್ಪ ಒರಟು ಅನಿಸಿತೇ ಹೊರತು ಗೋಡೆ ಗೀಡೆ ಏನೂ ಸಿಕ್ಕಿರಲಿಲ್ಲ. ಅವರಿಗೆ ಕಣ್ಣಲ್ಲಿ ಉಳಿದಿದ್ದ ಕೊನೆಯ ಕೆಲವು ತಿಂಗಳ ನೋಟವನ್ನು ನಾನು ತೊಳೆದುಹಾಕಿದೆ, ಅವರು ಕ್ಷಮಿಸಿದರು, ನಡೆದದ್ದು ಇಷ್ಟೇ ಇರಬಹುದು. ನಾವು ಸೀವುಡ್ಸ್‌ಗೆ ಬಂದೆವು. ಹೋಗಿ ಕೇಳಬೇಕು ಎನ್ನುತ್ತಾ ವರ್ಷಗಳು ಕಳೆದವು. ಅವರು ತೀರಿಕೊಂಡ ಸುದ್ದಿ ವಾಟ್ಸಾಪ್ ಗುಂಪಿನಲ್ಲಿ ಬಂದ ದಿನವೂ ನಾನು ಹೋಗಲಿಲ್ಲ.

ಮಿಸ್ತ್ರಿ ಹೋದ ಮೇಲಿನ ಭಾನುವಾರ ಕಲ್ಯಾಣಕ್ಕೆ ಹೋದೆ. ಮಾಷ್ಟ್ರ ಹೆಂಡತಿ ಈಗ ಅಲ್ಲಿ ಮಗಳ ಮನೆಯಲ್ಲಿದ್ದಾರೆ. ಕೇಳಬೇಕೆಂದಿದ್ದನ್ನು ಹೇಗೆ ಕೇಳುವುದೆಂದು ತಿಳಿಯದೆ, "ಆಂಟಿ, ಆ ಕಲ್ಲು..." ಎಂದು ಶುರುಮಾಡಿದೆ.

"ಅಯ್ಯೋ, ಆ ಕಲ್ಲಿನ ಕಥೆ ಕೇಳ್ಬೇಡ" ಎಂದರು. "ಕಣ್ಣು ಪೂರ್ತಿ ಹೋದ ಮೇಲೆ ದಿನಾ ಮಧ್ಯಾಹ್ನ ಅದನ್ನು ತೊಡೆ ಮೇಲೆ ಇಟ್ಕೊಂಡು ಬೆರಳಲ್ಲಿ ಆ ಕೋಣೆಗಳನ್ನು ಎಣಿಸುದು. ಯಾರೂ ಇಲ್ಲದಾಗ್ಲೂ ಅದೇ. ನಾನು ಬಾಗಿಲ ಸಂದಿಯಿಂದ ನೋಡ್ತಿದ್ದೆ. ಒಂದು ದಿನ ನೂರಾ ಹನ್ನೆರಡು, ಮರುದಿನ ನೂರಾ ಒಂಬತ್ತು. ಮೂರು ಮನೆ ತಪ್ಪಿಹೋಯ್ತು ಅಂತ ಪುನಃ ಮೊದಲಿಂದ. ಊಟಕ್ಕೆ ಕರೆದ್ರೆ, ತಡಿ ಮಾರಾಯ್ತಿ, ಈಗ ಎಂಬತ್ತರಲ್ಲಿದ್ದೇನೆ ಅಂತ ನನಗೇ ಜೋರು!"

ಯಾರೂ ಇಲ್ಲದಾಗಲೂ.

ಅವರು ಕಪಾಟಿನಿಂದ ಕಲ್ಲನ್ನು ತಂದು ನನ್ನ ತೊಡೆಯ ಮೇಲಿಟ್ಟರು. ಕಣ್ಣು ಮುಚ್ಚಿಕೊಂಡೆ. ಮೊದಲು ಬರೀ ಒರಟು. ಬೆರಳಿನ ಭಾರ ಕಡಿಮೆ ಮಾಡಿದೆ. ಆಮೇಲೆ ಕೂದಲೆಳೆಯಷ್ಟು ತೆಳುವಾದ ಒಂದು ಅಂಚು, ಅದರಾಚೆ ಪುಟ್ಟದೊಂದು ತಗ್ಗು. ಮತ್ತೆ ಅಂಚು. ಒಂದು ಕಾಲದಲ್ಲಿ ಇಲ್ಲೊಂದು ಬಾಯಿ ತೆರೆದು ಮುಚ್ಚುತ್ತಿತ್ತು. ಪಕ್ಕದಲ್ಲಿ ಇನ್ನೊಂದು... ಹನ್ನೊಂದರವರೆಗೆ ಬಂದೆ. ಅಲ್ಲಿಂದ ಮುಂದೆ ಯಾವುದನ್ನು ಎಣಿಸಿದ್ದೆ, ಯಾವುದನ್ನು ಬಿಟ್ಟಿದ್ದೆ ತಿಳಿಯದೆ ಬೆರಳು ನಿಂತುಹೋಯಿತು.

"ಎಲ್ಲಿಂದ ಶುರು ಮಾಡ್ತಿದ್ರು ಆಂಟಿ?"

"ಅದನ್ನು ಅವರ ಹತ್ರವೇ ಕೇಳ್ಬೇಕಿತ್ತು ನೀನು" ಎಂದರು ಅವರು. ಎದ್ದು ಚಹಾಕ್ಕೆ ನೀರಿಟ್ಟರು.