ಎಲೆಕೂಸಿನ ಬಣ್ಣ ಬಲ್ಲ ಸೆಬಸ್ತಿಯಮ್ಮ

ಮನ್ನಾರ್ ಕೊಲ್ಲಿಯ ಚಿಪ್ಪಿಲ್ಲದ ಕಡಲ ಬಸವನಹುಳುಗಳ ಅಧ್ಯಯನದಲ್ಲಿ ಹೆಸರು ಮಾಡಿದವರೆಲ್ಲ ದೊಡ್ಡ ಪದವೀಧರರು. ಆ ಹುಳುಗಳನ್ನು ನಿಜಕ್ಕೂ ಬಲ್ಲವರು, ನಮ್ಮ ಕಡಲ ಸಂಶೋಧನಾ ಕೇಂದ್ರದಲ್ಲಿ ಮೂವತ್ತೊಂದು ವರ್ಷ ಸಹಾಯಕಿಯಾಗಿದ್ದು ಈಗ ನಿವೃತ್ತರಾಗುತ್ತಿರುವ ಶ್ರೀಮತಿ ಸೆಬಸ್ತಿಯಮ್ಮನವರು. ಸೌಜನ್ಯಕ್ಕಾಗಿ ಹೀಗೆ ಬರೆಯುತ್ತಿಲ್ಲ. ಇದಕ್ಕೆ ನನ್ನದೇ ಒಂದು ತಪ್ಪು ಸಾಕ್ಷಿ.

ಕೆಲಸಕ್ಕೆ ಸೇರುವ ಮೊದಲು ಅವರು ಊರಿನ ಇತರ ಹೆಂಗಸರಂತೆ ಕಡಲಪಾಚಿ ಕಿತ್ತು ಮಾರುತ್ತಿದ್ದರು. ಕಿತ್ತ ಪಾಚಿಯನ್ನು ಚೀಲಕ್ಕೆ ತುಂಬುವ ಮುನ್ನ ನೀರಿನಲ್ಲೇ ಎರಡು ಸಲ ಜಾಲಿಸುವುದು ಅವರ ಪದ್ಧತಿ. ಅಂಟಿಕೊಂಡ ಉಗುರಿನಷ್ಟು ಹುಳು ಆಗ ಕಳಚಿ ಕಡಲಿಗೆ ಮರಳುತ್ತದೆ. ಪಾಚಿಯ ರಸ ಹೀರಿ ಪಾಚಿಯದೇ ಹಸಿರು ತಳೆಯುವ ಆ ಜೀವಿಯನ್ನು ಅವರು ಎಲೆಕೂಸು ಎನ್ನುತ್ತಾರೆ.

ಹೊಸದಾಗಿ ಬಂದಿದ್ದ ನಾನು ಕಡಲಿಗಿಳಿಯದೆ, ಆ ಪಾಚಿಯಲ್ಲಿ ಸಿಕ್ಕು ಸ್ಪಿರಿಟ್ ಸೀಸೆ ಸೇರಿದ್ದ ಎರಡು ಹುಳುಗಳನ್ನಷ್ಟೇ ನೋಡಿ, ಇದು ಬಿಳಿಯ ಹೊಸ ಪ್ರಭೇದವೆಂದು ಪ್ರಬಂಧ ಬರೆದೆ; 'ಬಿಳಿಯದು' ಎಂಬರ್ಥದ ಲ್ಯಾಟಿನ್ ಹೆಸರನ್ನೂ ಇಟ್ಟೆ. ಅಚ್ಚಾದ ಚಿತ್ರ ನೋಡಿ ಸೆಬಸ್ತಿಯಮ್ಮನವರು ಕೇಳಿದ್ದು ಇಷ್ಟೇ: "ಸಾರ್, ಇದು ಹೆಣದ ಬಣ್ಣ ಅಲ್ವಾ?" ನಾನು ಕೇಳಿಸದವನಂತೆ ಇದ್ದುಬಿಟ್ಟೆ.

ನಾಲ್ಕು ವರ್ಷಗಳ ಮೇಲೆ ಊರ ಹೆಂಗಸರು ಪಾಚಿ ಕೀಳುವ ತಾಣದಲ್ಲೇ ದೋಣಿಕಟ್ಟೆ ಕಟ್ಟುವ ಪ್ರಸ್ತಾಪ ಬಂತು. ಅಪರೂಪದ ಹುಳು ಅಲ್ಲಿದ್ದರೆ ಕಟ್ಟುವಂತಿರಲಿಲ್ಲ. ಪರಿಶೀಲನೆಗೆ ಬಂದ ಅಧಿಕಾರಿ ನನ್ನ ಪ್ರಬಂಧ ಹಿಡಿದು ಎರಡು ದಿನ ಬಿಳಿ ಹುಳು ಹುಡುಕಿ, ಒಂದೂ ಸಿಗದೆ, 'ಇಲ್ಲ' ಎಂದು ಬರೆಯಲು ಹೊರಟಿದ್ದರು. ಬರೆದಿದ್ದರೆ ಎಲೆಕೂಸಿನ ಜೊತೆಗೆ ಊರ ಹೆಂಗಸರ ಅನ್ನವೂ ಕಲ್ಲಿನಡಿ ಹೋಗುತ್ತಿತ್ತು. ನಾನು ದಡದಲ್ಲೇ ನಿಂತಿದ್ದೆ. ಸೆಬಸ್ತಿಯಮ್ಮನವರು ಸೀರೆ ಎತ್ತಿಕಟ್ಟಿ ಮೊಣಕಾಲುದ್ದ ನೀರಿಗಿಳಿದರು. ಒಂದು ಹಿಡಿ ಪಾಚಿ ಕಿತ್ತು, ನೀರು ತುಂಬಿದ ಬಿಳಿ ತಟ್ಟೆಯಲ್ಲಿ ಎರಡು ಸಲ ಜಾಲಿಸಿದರು. ಒಂಬತ್ತು ಹಸಿರು ಹುಳುಗಳು ತೆವಳಿದವು.

"ಪ್ರಬಂಧದಲ್ಲಿ ಬಿಳಿ ಅಂತ ಇದೆಯಲ್ಲಮ್ಮ?" ಎಂದರು ಅಧಿಕಾರಿ.

"ಒಂದನ್ನ ಸ್ಪಿರಿಟ್ಟಿಗೆ ಹಾಕಿ, ನಾಳೆ ಬಂದು ನೋಡಿ ಸಾರ್. ನಿಮ್ಮನ್ನ ಹಾಕಿದ್ರೂ ಬಿಳಿಚ್ಕೊಳ್ತೀರಿ."

ಮರುದಿನ ಸೀಸೆಯ ಹುಳು ಬೆಳ್ಳಗಾಗಿತ್ತು. ದೋಣಿಕಟ್ಟೆ ಬೇರೆಡೆಗೆ ಹೋಯಿತು. ತಪ್ಪನ್ನು ಅವರು ನನ್ನ ಮೇಲೆ ಹೊರಿಸದೆ ಸ್ಪಿರಿಟ್ಟಿನ ತಲೆಗೆ ಕಟ್ಟಿದರು. ಆ ಉಪಕಾರವನ್ನು ನಾನು ಮರೆತಿಲ್ಲ, ಅಂದಿನ ನಾಚಿಕೆಯನ್ನೂ.

ತಿದ್ದುಪಡಿಯನ್ನು ಅವರ ಹೆಸರು ಸೇರಿಸಿಯೇ ಪ್ರಕಟಿಸಿದೆ. ಆದರೆ ಒಮ್ಮೆ ಇಟ್ಟ ಹೆಸರನ್ನು, ಬಣ್ಣ ತಪ್ಪಾಯಿತೆಂಬ ಕಾರಣಕ್ಕೆ ಬದಲಿಸಲು ನಮ್ಮ ಶಾಸ್ತ್ರದ ನಿಯಮ ಒಪ್ಪುವುದಿಲ್ಲ. ಸೆಬಸ್ತಿಯಮ್ಮನವರು ನೂರು ವರ್ಷ ಬಾಳಲಿ, ನೀರು ಇಳಿದ ದಿನಗಳಲ್ಲಿ ನಮ್ಮ ವಿದ್ಯಾರ್ಥಿಗಳನ್ನು ಕಡಲಿಗೆ ಕರೆದೊಯ್ಯುತ್ತಲೇ ಇರಲಿ. ಹಸಿರು ಹುಳುವಿಗೆ ಬಿಳಿ ಹೆಸರೇಕೆಂದು ಆ ಮಕ್ಕಳು ಕೇಳಿದಾಗಲೆಲ್ಲ, ನನ್ನತ್ತ ನೋಡದೆ ಅವರು ಕೊಡುವ ಉತ್ತರ ಒಂದೇ:

"ಅದು ಸಾರ್ ಇಟ್ಟಿದ್ದು. ಹುಳಕ್ಕೆ ಗೊತ್ತಿಲ್ಲ, ಬಿಡಿ."